ಕೂಡಲು ತಡವಾದ ಎಲುಬಿನ ಏಳನೆಯ ಅಕ್ಷರ

ಕಾಪುವಿನ ಬಳಿ ಹೆದ್ದಾರಿ 66ರಲ್ಲಿ ಬೈಕು ದನಕ್ಕೆ ಢಿಕ್ಕಿಯಾಗಿ ಬಿದ್ದವರು ಒಬ್ಬರು, ಕಾರ್ಕಳದ ಕಡೆ ತೋಟದಲ್ಲಿ ತೆಂಗಿನ ಮರದಿಂದ ಜಾರಿದವರು ಇನ್ನೊಬ್ಬರು ಎಂದಿಟ್ಟುಕೊಳ್ಳಿ. ಇಬ್ಬರ ಎಕ್ಸ್‌ರೇಯಲ್ಲೂ ಕಾಣುವುದು ಒಂದೇ: ತೊಡೆಯ ಎಲುಬು ಮಧ್ಯದಲ್ಲಿ ಎರಡು ತುಂಡು. ಆಸ್ಪತ್ರೆಯ ದಾಖಲೆ ವಿಭಾಗದಲ್ಲಿ ಮುರಿತಕ್ಕೆ ಇಬ್ಬರಿಗೂ ಎಸ್72.3 ಎಂಬ ಸಂಕೇತ. ಬಿದ್ದ ಕಾರಣಕ್ಕೆ ಮಾತ್ರ ಬೈಕಿನವರಿಗೆ ವಿ20, ಮರದವರಿಗೆ ಡಬ್ಲ್ಯೂ14. ಮರದಿಂದ ಬೀಳುವುದಕ್ಕೆಂದೇ ಜಗತ್ತಿನ ಪಟ್ಟಿಯಲ್ಲಿ ಒಂದು ಜಾಗ ಇದೆ. ತೆಂಗು, ಅಡಕೆ ನಂಬಿದ ಜಿಲ್ಲೆಗೆ ಅದು ಬೇಕಾದದ್ದೇ.

ಈ ಪಟ್ಟಿಯ ಹೆಸರು ಐಸಿಡಿ. 1893ರಲ್ಲಿ ಫ್ರಾನ್ಸಿನ ಜಾಕ್ ಬೆರ್ಟಿಯೋಂ ಸಾವಿನ ಕಾರಣಗಳನ್ನು ಎಣಿಸಲೆಂದು ಮಾಡಿದ ಪಟ್ಟಿ ಇದರ ಮೂಲ. ಬದುಕಿ ಉಳಿದವರ ಕಾಯಿಲೆ, ಗಾಯಗಳೂ ಪೂರ್ತಿಯಾಗಿ ಸೇರಿದ್ದು ವಿಶ್ವ ಆರೋಗ್ಯ ಸಂಸ್ಥೆ ಇದನ್ನು ವಹಿಸಿಕೊಂಡ ಮೇಲೆ, 1948ರ ಆರನೆಯ ಪರಿಷ್ಕರಣೆಯಲ್ಲಿ. 2022ರಿಂದ ಹನ್ನೊಂದನೆಯದು ಜಾರಿಯಲ್ಲಿದ್ದರೂ ನಮ್ಮಲ್ಲಿ ಹೆಚ್ಚಾಗಿ ನಡೆಯುತ್ತಿರುವುದು ಹತ್ತನೆಯದೇ.

ಮುರಿದದ್ದನ್ನು ಬರೆಯುವುದು ಸುಲಭ. ಕಷ್ಟ ಶುರುವಾಗುವುದು ನಾಲ್ಕೈದು ತಿಂಗಳ ಮೇಲೆ, ರಾಡ್ ಹಾಕಿಸಿಕೊಂಡವರು ವಾಕರ್ ಹಿಡಿದು ಒಪಿಡಿಗೆ ಬಂದು "ಡಾಕ್ಟ್ರೇ, ಊರಿ ನಡೆದ್ರೆ ಇನ್ನೂ ನೋವುಂಟು" ಎಂದಾಗ.

ತೊಡೆಯದು ದೇಹದಲ್ಲೇ ಅತಿ ಉದ್ದದ, ಅತಿ ಗಟ್ಟಿಯ ಎಲುಬು. ಅದು ಮುರಿದರೆ ಒಳಗೊಳಗೇ ಒಂದು ಲೀಟರಿಗೂ ಹೆಚ್ಚು ರಕ್ತ ಸೋರಬಹುದು. ಆ ರಕ್ತ ಹೆಪ್ಪುಗಟ್ಟಿದ ಜಾಗದಲ್ಲೇ ದುರಸ್ತಿಯೂ ಆರಂಭವಾಗುತ್ತದೆ. ಎರಡು ಮೂರು ವಾರಗಳಲ್ಲಿ ಮೃದ್ವಸ್ಥಿ ತುಂಬಿಕೊಳ್ಳುತ್ತದೆ, ಆಮೇಲೆ ಅದರಲ್ಲಿ ಸುಣ್ಣ ಸೇರಿ ಹೊಸ ಎಲುಬು ಮೂಡುತ್ತದೆ. ಎದುರಿನಿಂದ ಒಂದು, ಪಕ್ಕದಿಂದ ಒಂದು ಎಕ್ಸ್‌ರೇ ತೆಗೆದರೆ ಎಲುಬಿನ ನಾಲ್ಕು ಅಂಚು ಕಾಣಿಸುತ್ತವೆ. ಅವುಗಳಲ್ಲಿ ಮೂರರ ಮೇಲಾದರೂ ಹೊಸ ಎಲುಬು ಹಾದು ಎರಡೂ ತುಂಡನ್ನು ಸೇರಿಸಿದ್ದರೆ ವೈದ್ಯರು ಸಾಮಾನ್ಯವಾಗಿ "ಕೂಡಿದೆ" ಎನ್ನುತ್ತಾರೆ. ಇದಕ್ಕೆ ಮೂರರಿಂದ ಆರು ತಿಂಗಳು ಬೇಕು.

ಬೀಡಿ, ಸಿಗರೇಟು ಸೇದುವವರಲ್ಲಿ, ಸಕ್ಕರೆ ಕಾಯಿಲೆ ಹತೋಟಿಯಲ್ಲಿ ಇಲ್ಲದವರಲ್ಲಿ ಇದು ತಡವಾಗುತ್ತದೆ. ಎಲುಬು ಚರ್ಮ ಹರಿದು ಹೊರಬಂದಿದ್ದರೆ, ಒಳಗೆ ಸೋಂಕು ತಗಲಿದ್ದರೆ ಇನ್ನೂ ತಡ. ರಾಡಿನ ಸ್ಕ್ರೂಗಳು ಎರಡು ತುಂಡುಗಳನ್ನು ದೂರದೂರವೇ ಹಿಡಿದಿಟ್ಟಿದ್ದರೂ ಹೀಗಾಗುವುದುಂಟು. ಆಗ ಒಂದು ಕಡೆಯ ಸ್ಕ್ರೂ ತೆಗೆದು, ಕಾಲಿನ ಮೇಲೆ ಭಾರ ಹಾಕಿಸಿ, ತುಂಡುಗಳು ಒಂದಕ್ಕೊಂದು ಒತ್ತುವಂತೆ ಮಾಡುತ್ತಾರೆ. ಸಾಲದಿದ್ದರೆ ಇನ್ನೂ ದಪ್ಪದ ರಾಡ್, ಅಥವಾ ಸೊಂಟದ ಎಲುಬಿನಿಂದ ತೆಗೆದ ಚೂರು.

"ತಡವಾಗಿದೆ" ಎಂಬುದು ಯಾವಾಗ "ಕೂಡಿಯೇ ಇಲ್ಲ" ಆಗುತ್ತದೆ? ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆಯ ಹಳೆಯ ಲೆಕ್ಕದಲ್ಲಿ, ಪೆಟ್ಟಾಗಿ 9 ತಿಂಗಳು ಕಳೆದು, ಕೊನೆಯ 3 ತಿಂಗಳಲ್ಲಿ ಯಾವ ಪ್ರಗತಿಯೂ ಕಾಣದಿದ್ದರೆ. ಎಲುಬಿಗೆ ಆ ಗಡುವು ಗೊತ್ತಿಲ್ಲ. ಎಂಟನೇ ತಿಂಗಳಲ್ಲೇ ಪೂರ್ತಿ ಸುಮ್ಮನಾದವು ಇವೆ, ಹತ್ತನೇ ತಿಂಗಳಲ್ಲಿ ನಿಧಾನಕ್ಕೆ ಕೂಡಿಕೊಂಡವೂ ಇವೆ. ಸಂಕೇತ ಬರೆಯುವವರಿಗೆ ಮಾತ್ರ ಅಡ್ಡಗೋಡೆಯ ಮೇಲೆ ದೀಪ ಇಡುವಂತಿಲ್ಲ, ಒಂದನ್ನು ಬರೆಯಲೇಬೇಕು. ವಿಶ್ವ ಆರೋಗ್ಯ ಸಂಸ್ಥೆಯ ಪಟ್ಟಿಯಲ್ಲಿ ತಡವಾದದ್ದು ಎಂ84.2, ಕೂಡದ್ದು ಎಂ84.1, ಕೊನೆಗೆ ಒಂದು 5 ಸೇರಿಸಿದರೆ ಜಾಗ ತೊಡೆ ಎಂದಾಯಿತು.

ಬೆಂಗಳೂರು, ಮಂಗಳೂರಿನ ಕಚೇರಿಗಳಲ್ಲಿ ಅಮೆರಿಕದ ರೋಗಿಗಳ ಬಿಲ್ಲಿಗೆ ಕೋಡಿಂಗ್ ಮಾಡುವ ನಮ್ಮ ಹುಡುಗ ಹುಡುಗಿಯರಿಗೆ ಇಷ್ಟು ಸಾಲದು. ಅಮೆರಿಕ 2015ರ ಅಕ್ಟೋಬರಿನಿಂದ ಬಳಸುತ್ತಿರುವ ರೂಪದಲ್ಲಿ ಇದೇ ಕಾಲು ಎಸ್72.322ಜಿ. 3 ಎಂದರೆ ಎಲುಬಿನ ಮಧ್ಯಭಾಗ, ಮುಂದಿನ 2 ಅಡ್ಡಡ್ಡ ಮುರಿತ, ಆಮೇಲಿನ 2 ತುಂಡು ಜರುಗಿದ ಎಡಗಾಲು. ಕೊನೆಯ, ಅಂದರೆ ಏಳನೆಯ ಅಕ್ಷರ ಜಿ ಎಂದರೆ ಚರ್ಮ ಹರಿಯದ ಮುರಿತ, ಮುಂದುವರಿದ ಆರೈಕೆ, ಕೂಡುವುದು ತಡ. ಗಾಯ ತೆರೆದಿದ್ದರೆ ಎಚ್ ಅಥವಾ ಜೆ. ಚರ್ಮ ಹರಿಯದ ಮುರಿತ ಕೂಡದಿದ್ದರೆ ಕೆ, ಸೊಟ್ಟಗೆ ಕೂಡಿದ್ದರೆ ಪಿ. ಕಾರ್ಕಳದ ಪಿನ್‌ಕೋಡ್ 574104ರಲ್ಲಿ ಕೊನೆಯ 4ರ ಬದಲು 6 ಬಿದ್ದರೆ ಕಾಗದ ಕಾಪುವಿಗೆ, ಮೂರನೆಯ ಅಂಕಿ 6 ಆದರೆ ಮಣಿಪಾಲಕ್ಕೆ. ಇಲ್ಲೂ ಹಾಗೆಯೇ: ಒಂದು ಅಂಕಿ ತಪ್ಪಿದರೆ ಎಡಗಾಲು ಬಲಗಾಲಾಗುತ್ತದೆ.

ನನಗೆ ಹೆಚ್ಚು ಹಿಡಿಸಿದ್ದು ಅಲ್ಲಿನ ಒಂದು ಉಪನಿಯಮ. ನಮ್ಮಲ್ಲಿ ಎಷ್ಟೋ ಜನ ಮೊದಲು ಎಲುಬು ಕಟ್ಟುವವರ ಹತ್ತಿರ ಹೋಗುತ್ತಾರೆ, ಇಲ್ಲವೇ ಅದಕ್ಕೇ ಹೆಸರಾದ ಆಂಧ್ರದ ಪುತ್ತೂರಿಗೆ. ನಮ್ಮ ದಕ್ಷಿಣ ಕನ್ನಡದ ಪುತ್ತೂರಲ್ಲ. ಹಾಗೆ ಮೂರು ತಿಂಗಳು ಪಟ್ಟಿ ಕಟ್ಟಿಸಿಕೊಂಡು, ಆಮೇಲೆ ಮೊದಲ ಬಾರಿಗೆ ಆಸ್ಪತ್ರೆ ಹತ್ತಿದವರಿಗೆ ಜಿ ಅಲ್ಲ. ಹೊಸ ಮುರಿತಕ್ಕೆ ಬರೆಯುವ ಎ. ತಡಮಾಡಿದ್ದು ರೋಗಿ. ಜಿ ಬರೆಯುವುದು ಚಿಕಿತ್ಸೆ ನಡೆಯುತ್ತಿದ್ದೂ ಎಲುಬು ಹಿಂದೆ ಬಿದ್ದಾಗ. ಎರಡು ತಡಗಳನ್ನೂ ಒಂದೇ ಗುಂಪಿಗೆ ಹಾಕಿದರೆ, ಮುಂದೆ ಯಾವ ರಾಡ್ ಮೇಲು ಎಂದು ದಾಖಲೆಗಳಲ್ಲಿ ಹುಡುಕುವವರಿಗೆ ಸಿಗುವುದು ತಪ್ಪು ಉತ್ತರ.

1953ರಲ್ಲಿ ಡಾ. ಟಿ.ಎಂ.ಎ. ಪೈ ಕಸ್ತೂರ್ಬಾ ಮೆಡಿಕಲ್ ಕಾಲೇಜು ಆರಂಭಿಸಿದ ಮಣಿಪಾಲದಲ್ಲಿ ಈಗ ಹೆಲ್ತ್ ಇನ್ಫರ್ಮೇಷನ್ ಮ್ಯಾನೇಜ್‌ಮೆಂಟ್ ಕೂಡ ಒಂದು ಓದು. ಈ ವಿದ್ಯೆ ಕಲಿತವರು ಎಕ್ಸ್‌ರೇ ನೋಡಿ ತಾವೇ ತೀರ್ಮಾನ ಮಾಡುವಂತಿಲ್ಲ. ಸಂಕೇತಕ್ಕೆ ವೈದ್ಯರು ಬರೆದ ಮಾತೇ ಆಧಾರ. "ಫ್ರ್ಯಾಕ್ಚರ್ ಫೀಮರ್, ರಿವ್ಯೂ" ಎಂದಷ್ಟೇ ಗೀಚಿದ್ದರೆ ತಡ ಎಂಬುದು ದಾಖಲೆಗೆ ಬರುವುದೇ ಇಲ್ಲ. ಅನುಮಾನ ಬಂದರೆ ಫೈಲು ವಾಪಸು ವೈದ್ಯರ ಮೇಜಿಗೆ ಹೋಗುತ್ತದೆ: ತಡವೋ, ಕೂಡಿಲ್ಲವೋ? ಅವರು ಅದಕ್ಕೆ ಉತ್ತರ ಹೇಳುವುದು ಇವತ್ತಿನ ಫಿಲ್ಮನ್ನು ಮೂರು ತಿಂಗಳ ಹಿಂದಿನದರ ಪಕ್ಕಕ್ಕೆ ಹಿಡಿದು. ಆಪರೇಷನ್ ಒಂದು ಕಡೆ, ರಿವ್ಯೂ ಇನ್ನೊಂದು ಕಡೆ ಆದವರ ಹಳೆಯ ಫಿಲ್ಮು ಮನೆಯ ಕಪಾಟಿನ ಮೇಲೇ ಉಳಿದಿರುತ್ತದೆ. ಒಪಿಡಿಗೆ ಹೊರಡುವಾಗ ಅದನ್ನೂ ಚೀಲಕ್ಕೆ ಹಾಕಿಕೊಳ್ಳಿ.