ನದೀತೀರದ ಹಿತ್ತಿಲೂ ಮನೆ ಕಟ್ಟುವ ಹಕ್ಕೂ

ಜೆಪ್ಪುವಿನ ದಕ್ಷಿಣಕ್ಕೆ ಹರಿಯುವ ನೇತ್ರಾವತಿಯು ಅಲ್ಲಿ ಬರಿಯ ನದಿಯಲ್ಲ. ಸಮುದ್ರವು ಸಮೀಪವಾದುದರಿಂದ ದಿನಕ್ಕೆ ಎರಡಾವರ್ತಿ ಉಬ್ಬರವಿಳಿತಗಳನ್ನು ಕಾಣುವ ಜಲರಾಶಿ. ಬಾಸೆಲ್ ಮಿಶನಿನವರು 1865ರಲ್ಲಿ ಈ ನದಿಯ ದಡದಲ್ಲಿ ಹಂಚಿನ ಕಾರ್ಖಾನೆಯನ್ನು ತೆರೆದಾಗ ನೀರಿನ ಸಾಮೀಪ್ಯವೇ ದೊಡ್ಡ ಅನುಕೂಲವಾಗಿತ್ತು. ಅಂದು ದಡದಿಂದ ಎಷ್ಟು ಗಜ ದೂರವೆಂದು ಯಾರೂ ಕೇಳಿರಲಾರರು. ಇಂದು ಕೇಳುವರು.

ಕಳೆದ ಬೇಸಗೆಯಲ್ಲಿ ನನ್ನ ಹಳೆಯ ಶಿಷ್ಯನೊಬ್ಬನು ಕಾಗದಪತ್ರಗಳ ಕಟ್ಟನ್ನು ಹಿಡಿದುಕೊಂಡು ಬಂದನು. ಮಸ್ಕತಿನಲ್ಲಿ ಹದಿನೈದು ವರ್ಷ ದುಡಿದು ಕೂಡಿಸಿದ ಹಣವನ್ನೆಲ್ಲ ಸುರಿದು, ಪಿತ್ರಾರ್ಜಿತವಾದ ಹೊಳೆಬದಿಯ ಹಿತ್ತಿಲಿನಲ್ಲಿ ಮನೆ ಕಟ್ಟಬೇಕೆಂಬುದು ಅವನ ಆಸೆ. “ಮಾಸ್ಟ್ರೇ, ವರ್ಗದ ಜಾಗ ನಮ್ಮದು, ತೀರ್ವೆ ಕಟ್ಟಿದ ರಶೀದಿಯೂ ಉಂಟು. ಪಾಗಾರದಿಂದಾಚೆ ಹೊಳೆಯವರೆಗೆ ನಮ್ಮ ಕುಮ್ಕಿಯೆಂದು ತಂದೆಯವರು ಹೇಳುತ್ತಿದ್ದರು. ಪಾಲಿಕೆಯವರು ಹೇಗೆ ತಡೆಯುತ್ತಾರೆ?” ಎಂದು ಕೇಳಿದನು.

ಕುಮ್ಕಿಯೆಂಬುದು ನಮ್ಮ ಜಿಲ್ಲೆಯ ಗೃಹಸ್ಥರನ್ನು ತಲೆಮಾರುಗಳಿಂದ ಮೋಹಗೊಳಿಸಿರುವ ಶಬ್ದ. ವರ್ಗಭೂಮಿಯಿಂದ ನೂರು ಗಜದೊಳಗಿನ ಸರಕಾರಿ ನೆಲದಲ್ಲಿ ಸೊಪ್ಪು ಸೌದೆಗಳನ್ನು ತರುವುದಕ್ಕೂ ದನ ಮೇಯಿಸುವುದಕ್ಕೂ ಇರುವ ಸವಲತ್ತು ಅದು. 1964ರ ಭೂಕಂದಾಯ ಶಾಸನದ 79ನೆಯ ಕಲಮು ಅದನ್ನು ಉಳಿಸಿಕೊಂಡಿರುವುದು ನಿಜ. ಆದರೆ ಸವಲತ್ತು ಸ್ವಾಮ್ಯವಲ್ಲ. ಅದೇ ಶಾಸನದ 67ನೆಯ ಕಲಮಿನ ಪ್ರಕಾರ ನದಿಯೂ ಅದರ ಪಾತ್ರವೂ ಸರಕಾರದ ಸೊತ್ತು.

ತನ್ನದೇ ನೆಲದಲ್ಲಾದರೂ ತೊಡಕು ತಪ್ಪದು. 2011ರ ಕರಾವಳಿ ನಿಯಂತ್ರಣ ವಲಯದ ಅಧಿಸೂಚನೆಯು ಉಬ್ಬರ ಮುಟ್ಟುವ ನದಿಗಳ ಇಕ್ಕೆಲಗಳಲ್ಲಿ, ಉಬ್ಬರದ ಗೆರೆಯಿಂದ 100 ಮೀಟರು ಅಥವಾ ನದಿಯ ಅಗಲ, ಇವುಗಳಲ್ಲಿ ಕಡಿಮೆಯಾದಷ್ಟನ್ನು ನಿಯಂತ್ರಣಕ್ಕೆ ಒಳಪಡಿಸಿತ್ತು. 2019ರ ಅಧಿಸೂಚನೆಯು ಆ 100ನ್ನು 50ಕ್ಕೆ ಇಳಿಸಿತು. ಸಂಸ್ಕೃತದಲ್ಲಿ ‘ವೇಲಾ’ ಎಂಬ ಒಂದೇ ಶಬ್ದಕ್ಕೆ ಉಬ್ಬರವೆಂದೂ ದಡವೆಂದೂ ಮೇರೆಯೆಂದೂ ಅರ್ಥಗಳಿರುವುದು ನನಗೆ ಆಗ ನೆನಪಾಯಿತು.

“ಪಾಲಿಕೆಯ ಪರವಾನಗಿ ದೊರೆತರೆ ಸಾಕಷ್ಟೆ?” ಎಂದನು. ಸಾಲದು. ನೆರೆಯ ಕೇರಳದ ಮರಡಿನಲ್ಲಿ ನಡೆದುದನ್ನು ಅವನಿಗೆ ವಿವರವಾಗಿ ಹೇಳಿದೆನು. ಅಲ್ಲಿಯ ಪಂಚಾಯತು ಕರಾವಳಿ ಪ್ರಾಧಿಕಾರವನ್ನು ಕೇಳದೆಯೇ 2006ರಲ್ಲಿ ಹಿನ್ನೀರಿನ ಬದಿಯ ಬಹುಮಹಡಿ ಕಟ್ಟಡಗಳಿಗೆ ಪರವಾನಗಿಯಿತ್ತಿತು. ಮರುವರ್ಷ ತಾನೇ ಎಚ್ಚತ್ತು, ಪರವಾನಗಿಯನ್ನು ಏಕೆ ರದ್ದುಮಾಡಬಾರದೆಂದು ನೋಟೀಸು ಕೊಟ್ಟಿತು. ಕಟ್ಟುವವರು ಹೈಕೋರ್ಟಿಗೆ ಹೋದರು. ಪಂಚಾಯತಿನ ಲೋಪಕ್ಕಾಗಿ ಪರವಾನಗಿ ಪಡೆದವರನ್ನು ದಂಡಿಸಲಾಗದೆಂದು ಅಲ್ಲಿ ಅವರು ಗೆದ್ದರು. ಕಟ್ಟಡಗಳು ಎದ್ದುವು, ಸಂಸಾರಗಳು ಬಂದು ನೆಲಸಿದುವು. 2019ರ ಮೇ 8ರಂದು ಸುಪ್ರೀಂ ಕೋರ್ಟು ಎಲ್ಲವನ್ನೂ ಕೆಡಹಬೇಕೆಂದು ಆಜ್ಞಾಪಿಸಿತು. 2020ರ ಜನವರಿ 11 ಮತ್ತು 12ರಂದು ಸಿಡಿಮದ್ದಿನಿಂದ ಅವು ನೆಲಸಮವಾದುವು. ಒಂದೊಂದು ಮನೆಯವರಿಗೆ 25 ಲಕ್ಷ ರೂಪಾಯಿಗಳ ಮಧ್ಯಂತರ ಪರಿಹಾರವನ್ನೇನೋ ನ್ಯಾಯಾಲಯವು ವಿಧಿಸಿತು. ಆದರೆ ಪರವಾನಗಿಯನ್ನು ನಂಬಿ ಜೀವಮಾನದ ಗಳಿಕೆಯನ್ನಿತ್ತವನ ಮನೆ ಹೋಯಿತು. ಅದಕ್ಕೆ ರುಜು ಹಾಕಿದವನ ಮನೆ ನಿಂತೇ ಇತ್ತು. ಇದು ನನಗೆ ಇನ್ನೂ ಸರಿಯೆನ್ನಿಸಿಲ್ಲ.

ನ್ಯಾಯಾಲಯಗಳು ಸದಾ ಭೂಮಾಲಿಕನಿಗೆ ವಿರೋಧವೆಂದು ತಿಳಿಯಲಾಗದು. ಬೆಂಗಳೂರಿನ ಕೆರೆಗಳ ಸುತ್ತ 75 ಮೀಟರು ಬಿಡಬೇಕೆಂದು ಹಸಿರು ನ್ಯಾಯಮಂಡಲಿಯು 2016ರಲ್ಲಿ ವಿಧಿಸಿದ್ದನ್ನು, ನಗರಯೋಜನೆಯ ನಿಯಮವನ್ನು ಮೀರುವ ಅಧಿಕಾರ ಅದಕ್ಕಿಲ್ಲವೆಂದು ಸುಪ್ರೀಂ ಕೋರ್ಟು 2019ರಲ್ಲಿ ತಳ್ಳಿಹಾಕಿತು. ಇನ್ನು 2024ರ ನವೆಂಬರ 13ರ ತೀರ್ಪೊಂದು, 15 ದಿನಗಳ ನೋಟೀಸಿಲ್ಲದೆ ಯಾರ ಕಟ್ಟಡವನ್ನೂ ಕೆಡಹಬಾರದೆಂದಿತು. ಆದರೆ ರಸ್ತೆ, ನದಿ, ಜಲಾಶಯಗಳನ್ನು ಆಕ್ರಮಿಸಿದ ಅನಧಿಕೃತ ಕಟ್ಟಡಗಳಿಗೆ ಆ ರಕ್ಷಣೆ ಇಲ್ಲ.

ಶಿಷ್ಯನ ಮುಖವು ಬಾಡಿತು. ನಾನು ನಕ್ಷೆಯನ್ನು ಬಿಡಿಸಿ ನೋಡಿದೆನು. ಊರು ಬೆಳೆದಿರುವ ಪ್ರದೇಶಗಳಲ್ಲಿ, ಮೊದಲೇ ಇದ್ದ ರಸ್ತೆಯ ಅಥವಾ ಅಧಿಕೃತ ಕಟ್ಟಡದ ಒಳಬದಿಗೆ, ಎಂದರೆ ನೀರಿಗೆ ವಿಮುಖವಾದ ಕಡೆಗೆ, ಕಟ್ಟುವುದಕ್ಕೆ ಅನುಮತಿ ದೊರೆಯಬಹುದು. ಇವನ ಹಿತ್ತಿಲಿನ ಹೊಳೆಬದಿಯಲ್ಲಿ ಅಜ್ಜನ ಕಾಲದ ಹಂಚಿನ ಮನೆಯೊಂದಿದೆ. ಅದು ಅಧಿಕೃತವೆಂದು ತೋರಿಸಿಕೊಟ್ಟರೆ ಅದರ ಹಿಂದೆ ಕಟ್ಟಲು ಅರ್ಜಿ ಹಾಕಬಹುದೆಂದು ಹೇಳಿದೆನು.

ಅಂದಿನಿಂದ ಅವನು ಅಟ್ಟದ ಮೇಲಿನ ಪೆಟ್ಟಿಗೆಗಳನ್ನು ಶೋಧಿಸುತ್ತಿದ್ದಾನೆ. ಮನೆತೆರಿಗೆಯ ರಶೀದಿಗಳು ದೊರೆತಿವೆ; ಪರವಾನಗಿಯ ಕಾಗದವು ಇನ್ನೂ ಸಿಕ್ಕಿಲ್ಲ.