ಪೆದ್ರೊ ಇನ್ಫಾಂತೆ ಊರಿನ ಸಿಗಡಿ, ಬ್ಯಾಚುಲರ್ ರೂಮಿನ ಬಾಣಲೆ!

ಮೆಕ್ಸಿಕೋ ದೇಶದ ಪೆಸಿಫಿಕ್ ಕಡಲ ದಂಡೆಯಲ್ಲಿ ಮಸಾತ್ಲಾನ್ ಅಂತ ಒಂದು ಊರು. ಆ ಊರು ಎರಡು ಕಾರಣಕ್ಕೆ ಹೆಸರುವಾಸಿ. ಒಂದು, ಸಿಗಡಿ. ಇನ್ನೊಂದು, ಪೆದ್ರೊ ಇನ್ಫಾಂತೆ. ಸಿಗಡಿ ಗೊತ್ತು, ಇವನ್ಯಾರಪ್ಪಾ ಅಂತೀರಾ? ಮೆಲ್ಲಗೆ ಕೇಳಿ ಮಿತ್ರರೇ! ಅಲ್ಲಿಯವರ ಮುಂದೆ ಹೀಗೆ ಕೇಳಿದರೆ, ನಮ್ಮ ಗಾಂಧಿನಗರದಲ್ಲಿ ನಿಂತು "ರಾಜ್‌ಕುಮಾರ್ ಅಂದ್ರೆ ಯಾರು?" ಅಂತ ಕೇಳಿದ ಹಾಗಾದೀತು.

1917ರ ನವೆಂಬರ್ 18ರಂದು ಈ ಮಸಾತ್ಲಾನ್‌ನಲ್ಲಿ ಹುಟ್ಟಿದ ಪೆದ್ರೊ, ಬಡಗಿ ಕೆಲಸ ಕಲಿತ ಬಡವರ ಮನೆ ಹುಡುಗ. ಉಳಿ ಹಿಡಿದ ಕೈ ಗಿಟಾರ್ ಹಿಡಿಯಿತು, ಕಂಠ ರೇಡಿಯೋ ಹತ್ತಿತು, ಅಲ್ಲಿಂದ ನೇರ ಬೆಳ್ಳಿತೆರೆಗೆ! ಹಾಡುವವನೂ ತಾನೇ, ನಟಿಸುವವನೂ ತಾನೇ. 1948ರ 'ನೊಸೊತ್ರೊಸ್ ಲೊಸ್ ಪೊಬ್ರೆಸ್' ಚಿತ್ರದಲ್ಲಿ (ಅಂದರೆ 'ನಾವು ಬಡವರು') ಬಡಗಿಯ ಪಾತ್ರವನ್ನೇ ಮಾಡಿ ಇಡೀ ದೇಶವನ್ನು ಅಳಿಸಿಬಿಟ್ಟ. 1951ರಲ್ಲಿ ಮೋಟಾರ್‌ಸೈಕಲ್ ಪೊಲೀಸ್ ಆಗಿ ಬಂದ. ಇವತ್ತಿಗೂ ಮಸಾತ್ಲಾನ್‌ನ ಕಡಲ ಬದಿಯ ರಸ್ತೆಯಲ್ಲಿ ಮೋಟಾರ್‌ಸೈಕಲ್ ಮೇಲೆ ಕೂತ ಅವನ ಪ್ರತಿಮೆ ಇದೆ. 1957ರ ಏಪ್ರಿಲ್ 15ರಂದು ಮೆರಿದಾ ಪಟ್ಟಣದಲ್ಲಿ ವಿಮಾನ ಉರುಳಿ ಬಿತ್ತು, ಪೆದ್ರೊ ಹೋದ. ವಯಸ್ಸು ಬರೀ 39! ಅದೇ ವರ್ಷ ಬರ್ಲಿನ್ ಚಿತ್ರೋತ್ಸವದಲ್ಲಿ 'ತಿಸೋಕ್' ಚಿತ್ರಕ್ಕಾಗಿ ಶ್ರೇಷ್ಠ ನಟ ಪ್ರಶಸ್ತಿ ಬಂತು, ತೆಗೆದುಕೊಳ್ಳಲು ಅವನಿರಲಿಲ್ಲ. ಪ್ರತಿ ಏಪ್ರಿಲ್ 15ಕ್ಕೆ ಮೆಕ್ಸಿಕೋ ನಗರದ ಅವನ ಸಮಾಧಿಯ ಬಳಿ ಅಭಿಮಾನಿಗಳು ಸೇರಿ ಹಾಡುತ್ತಾರೆ. ನಾವು ಕಂಠೀರವ ಸ್ಟುಡಿಯೋದಲ್ಲಿ ಅಣ್ಣಾವ್ರ ಪುಣ್ಯತಿಥಿಗೆ ಸೇರುವುದು ಏಪ್ರಿಲ್ 12. ಮೂರೇ ದಿನದ ಅಂತರ ನೋಡಿ!

ಸರಿ, ಸಿನಿಮಾ ಆಯ್ತು. ಬಾಣಲೆಗೆ ಬರೋಣ. ನನಗೊಂದು ಚಟ. ಯಾವ ನಟ ಇಷ್ಟವಾದರೂ ಅವನ ಊರಿನವರು ಏನು ತಿಂತಾರೆ ಅಂತ ಹುಡುಕೋದು. ಪೆದ್ರೊ ಊರಿನವರ ಮನೆ ಅಡುಗೆಯಲ್ಲಿ ಸಿಕ್ಕಿದ್ದು 'ಕಮರೋನೆಸ್ ಆ ಲಾ ಮೆಹಿಕಾನಾ'. ಕಮರೋನೆಸ್ ಅಂದ್ರೆ ಸಿಗಡಿ. ಆ ಲಾ ಮೆಹಿಕಾನಾ ಅಂದ್ರೆ ಮೆಕ್ಸಿಕೋ ರೀತಿ. ಮೆಕ್ಸಿಕೋ ಬಾವುಟದ ಬಣ್ಣ ಹಸಿರು, ಬಿಳಿ, ಕೆಂಪು. ಹಸಿರಿಗೆ ಮೆಣಸಿನಕಾಯಿ, ಬಿಳಿಗೆ ಈರುಳ್ಳಿ, ಕೆಂಪಿಗೆ ಟೊಮ್ಯಾಟೊ. ಇಷ್ಟೇ! ಈ ಮೂರರ ಜೊತೆ ಮೊಟ್ಟೆ ಹಾಕಿದರೂ ಅದೇ ಹೆಸರು, ಮಾಂಸ ಹಾಕಿದರೂ ಅದೇ ಹೆಸರು.

ಈ ಅಡುಗೆ ನನಗೆ ಯಾಕೆ ಮುಖ್ಯ ಅಂತ ಹೇಳಿಬಿಡ್ತೀನಿ. ಬೆಂಗಳೂರಿನಲ್ಲಿ ರೂಮು ಹುಡುಕಿದವರಿಗೆ ಈ ಸಂಕಟ ಗೊತ್ತು. ನಾವು ಮೂವರು. ಮೂರು ಮನೆಗಳಲ್ಲಿ "ಮೀನು ಮಾಂಸ ಮಾಡೋ ಹಾಗಿದ್ರೆ ಬೇರೆ ಕಡೆ ನೋಡ್ಕೊಳ್ಳಿ" ಅನ್ನಿಸಿಕೊಂಡು ನಾಲ್ಕನೆಯದಕ್ಕೆ ಬಂದೆವು. ಇಲ್ಲಿಯ ಓನರಮ್ಮ ಒಳ್ಳೆಯವರು, "ಮಾಡ್ಕೊಳ್ರಪ್ಪಾ, ಆದ್ರೆ ಮೆಟ್ಟಿಲ ಮೇಲೆ ವಾಸನೆ ಬರಬಾರದು" ಅಂತ ಒಂದೇ ಷರತ್ತು ಹಾಕಿದರು. ಭಾನುವಾರ ರಾತ್ರಿ ಮೆಸ್ ಬಾಗಿಲು ಹಾಕಿರುತ್ತೆ. ಹೋಟೆಲಿಗೆ ಹೋದರೆ ಒಂದು ಪ್ಲೇಟ್ ಸಿಗಡಿ ದುಡ್ಡಲ್ಲಿ ನಾಲ್ಕು ಜನ ಫಸ್ಟ್ ಡೇ ಫಸ್ಟ್ ಶೋ ನೋಡಬಹುದು. ಮುಕ್ಕಾಲು ಗಂಟೆ ಮಸಾಲೆ ಹುರಿದು ಕುದಿಸಿದರೆ ವಾಸನೆ ಮೆಟ್ಟಿಲಷ್ಟೇ ಅಲ್ಲ, ಬೀದಿ ದಾಟುತ್ತೆ. ಬೇಕಾಗಿದ್ದು ಬೇಗ ಮುಗಿಯೋ ಅಡುಗೆ. ಇದು ಒಲೆ ಮೇಲೆ ಇರೋದು ಹೆಚ್ಚೆಂದರೆ ಹದಿನೈದು ನಿಮಿಷ.

ಪಾತ್ರವರ್ಗ ನೋಡಿ!

ಮೆಕ್ಸಿಕೋ ಅಡುಗೆ ಅಂದ ಕೂಡಲೇ ಸಾಮಾನು ಎಲ್ಲಿ ತರೋದು ಅಂತ ಹೆದರಬೇಡಿ. ಇಲ್ಲೇ ಇದೆ ಮಜಾ. ಟೊಮ್ಯಾಟೊ ಅನ್ನೋ ಪದ ಬಂದಿದ್ದೇ ಅಲ್ಲಿಯ ಮೂಲ ಜನರ ನಹುವಾತ್ಲ್ ಭಾಷೆಯ 'ತೊಮಾತ್ಲ್'ನಿಂದ. ಚಿಲ್ಲಿ ಕೂಡ ಅದೇ ಭಾಷೆಯ ಮಾತು. ಪೋರ್ಚುಗೀಸರ ಹಡಗು ಈ ಕಡೆ ಬರುವ ಮುಂಚೆ ನಮ್ಮವರಿಗೆ ಖಾರ ಅಂದರೆ ಕಾಳುಮೆಣಸು. ಆಮೇಲೆ ಬಂದ ಕಾಯಿಗೆ 'ಮೆಣಸಿನಕಾಯಿ' ಅಂತ ಹೆಸರಿಟ್ಟು ನಮ್ಮದೇ ಮಾಡ್ಕೊಂಡ್ವಿ. ಅತ್ತ ಈರುಳ್ಳಿ, ಬೆಳ್ಳುಳ್ಳಿ, ಕೊತ್ತಂಬರಿ, ನಿಂಬೆ ಇವೆಲ್ಲ ಈ ಕಡೆಯ ಭೂಖಂಡಗಳ ಗಿರಾಕಿಗಳು, ಸ್ಪೇನಿನವರ ಹಡಗು ಹತ್ತಿ ಮೆಕ್ಸಿಕೋಗೆ ವಲಸೆ ಹೋದವು. ಅಂದರೆ ಅರ್ಧ ತಾರಾಗಣ ಅಲ್ಲಿಂದ ಇಲ್ಲಿಗೆ, ಇನ್ನರ್ಧ ಇಲ್ಲಿಂದ ಅಲ್ಲಿಗೆ!

ಇನ್ನು ಹೀರೋ. ಮೀನಿನ ಅಂಗಡಿಯಲ್ಲಿ 'ವನಾಮಿ' ಅಂತ ಬೂದು ಬಿಳುಪಿನ ಸಿಗಡಿ ಕೊಡ್ತಾರಲ್ಲ, ಅದರ ತವರುಮನೆ ಯಾವುದು ಗೊತ್ತೇ? ಮೆಕ್ಸಿಕೋದಿಂದ ಪೆರುವರೆಗಿನ ಪೆಸಿಫಿಕ್ ಕರಾವಳಿ! 2009ರಲ್ಲಿ ನಮ್ಮ ದೇಶದಲ್ಲಿ ಅದರ ಸಾಕಣೆಗೆ ಅನುಮತಿ ಸಿಕ್ಕಿತು. ಆಂಧ್ರದ ಕೆರೆಗಳಲ್ಲಿ ಬೆಳೆದು ಐಸ್ ಡಬ್ಬದಲ್ಲಿ ಕೂತು ನಿಮ್ಮ ಏರಿಯಾಕ್ಕೆ ಬರೋದು ಪೆದ್ರೊ ಊರಿನ ನೆಂಟನೇ. ನಮ್ಮ ಕರಾವಳಿಯ ಕಡಲ ಸಿಗಡಿ ಸಿಕ್ಕರೆ ಇನ್ನೂ ರುಚಿ, ಆದರೆ ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರಿಕ ದೋಣಿಗಳಿಗೆ ನಿಷೇಧ. ಮಸಾತ್ಲಾನ್ ಕಡೆಯೂ ಸಿಗಡಿ ಮೊಟ್ಟೆ ಇಡುವ ಕಾಲದಲ್ಲಿ ಬಲೆ ಹಾಕೋ ಹಾಗಿಲ್ಲ. ಹೀರೋಗೂ ರಜೆ ಬೇಕಲ್ಲ!

ಅರ್ಧ ಕಿಲೋ ತನ್ನಿ. ಸಿಪ್ಪೆ ತಲೆ ತೆಗೆದರೆ ಕಾಲು ಕಿಲೋದ ಮೇಲೆ ಸ್ವಲ್ಪ ಉಳಿಯುತ್ತೆ, ಚಪಾತಿ ಅನ್ನದ ಜೊತೆ ಮೂವರಿಗೆ ಸಾಕು. ಕೊಳ್ಳುವಾಗ ಮೂಗು ಉಪಯೋಗಿಸಿ. ಕಡಲ ವಾಸನೆ ಬಂದರೆ ಸರಿ, ಅಮೋನಿಯಾ ಘಾಟು ಹೊಡೆದರೆ ಮುಂದಿನ ಅಂಗಡಿ. ತಲೆ ಕಪ್ಪಾಗಿ ಜೋತಾಡುತ್ತಿದ್ದರೂ ಬೇಡ. ಸಿಪ್ಪೆ ಬಿಡಿಸಿ, ಬೆನ್ನ ಮೇಲೆ ಚಾಕುವಿನಿಂದ ಗೀರಿ ಕಪ್ಪು ದಾರ ಎಳೆದುಬಿಡಿ. ಅದು ಅದರ ಕರುಳು. ಆಮೇಲೆ ತೊಳೆದು, ಒಣ ಬಟ್ಟೆಯಲ್ಲಿ ಚೆನ್ನಾಗಿ ಒತ್ತಿ. ಈ ಒತ್ತುವ ಕೆಲಸವನ್ನು ಮಾತ್ರ ಬಿಡಬೇಡಿ. ನೀರಿದ್ದರೆ ಬಾಣಲೆಯಲ್ಲಿ ಹುರಿಯೋದಿಲ್ಲ, ಬೇಯುತ್ತೆ. ಫ್ರೀಜರ್ ಸಿಗಡಿಯಾದರೆ ತಣ್ಣೀರಿನಲ್ಲಿ ಕರಗಿಸಿ, ಬಿಸಿನೀರು ಕೂಡದು. ಸಿಗಡಿ ತಿಂದರೆ ಮೈ ತುರಿಸಿ ದದ್ದು ಏಳುವ ಸ್ನೇಹಿತನಿದ್ದರೆ ಅವನಿಗೆ ಮೊಟ್ಟೆಯದ್ದೇ ಮಾಡಿಕೊಡಿ.

ಮಿಕ್ಕಿದ್ದು: ದೊಡ್ಡ ಈರುಳ್ಳಿ ಒಂದು, ಹಣ್ಣಾದ ಟೊಮ್ಯಾಟೊ ಮೂರು, ಹಸಿಮೆಣಸಿನಕಾಯಿ ಮೂರು, ಬೆಳ್ಳುಳ್ಳಿ ಐದಾರು ಎಸಳು, ಒಂದು ಹಿಡಿ ಕೊತ್ತಂಬರಿ, ಒಂದು ನಿಂಬೆಹಣ್ಣು, ಎಣ್ಣೆ, ಉಪ್ಪು. ಅರಿಶಿನ ಬೇಡ. ಗರಂ ಮಸಾಲ ಬೇಡವೇ ಬೇಡ. ಶುಂಠಿ ಬೆಳ್ಳುಳ್ಳಿ ಪೇಸ್ಟ್ ಡಬ್ಬಿ ಮುಚ್ಚಿಡಿ. ನನ್ನ ರೂಮ್‌ಮೇಟ್ ಒಬ್ಬ ಕುಂದಾಪುರದವನು, "ಕಾಯಿ ಹಾಕದ್ ಸಿಗಡಿ ಎಂಥದ್ ಮಾರಾಯಾ?" ಅಂತ ಇವತ್ತಿಗೂ ಗೊಣಗುತ್ತಾನೆ. ಗೊಣಗಲಿ. ಸಿಗಡಿಗೆ ಅದರದ್ದೇ ಒಂದು ಸಿಹಿ ಇದೆ, ಮಸಾಲೆ ತುಂಬಿದರೆ ಹಿನ್ನೆಲೆ ಸಂಗೀತದಲ್ಲಿ ಡೈಲಾಗ್ ಮುಳುಗಿ ಹೋದ ಹಾಗೆ.

ಎಲ್ಲವನ್ನೂ ಮೊದಲೇ ಹೆಚ್ಚಿಟ್ಟುಕೊಳ್ಳಿ. ಒಲೆ ಹಚ್ಚಿದ ಮೇಲೆ ಪುರುಸೊತ್ತಿಲ್ಲ. ಈರುಳ್ಳಿ ಹೆಚ್ಚುವಾಗ ಕಣ್ಣೀರು ಬಂದರೆ ಮೆಕ್ಸಿಕೋದವರದ್ದೇ 'ಕೋಮೊ ಆಗುವಾ ಪಾರಾ ಚೊಕೊಲಾತೆ' ಚಿತ್ರ ನೆನೆಸಿಕೊಳ್ಳಿ. 1992ರದ್ದು. ಅದರಲ್ಲಿ ನಾಯಕಿ ತನ್ನ ಪ್ರಿಯಕರನ ಮದುವೆ ಕೇಕಿಗೆ ಹಿಟ್ಟು ಕಲಸುವಾಗ ಅಳುತ್ತಾಳೆ, ಕಣ್ಣೀರು ಹಿಟ್ಟಿಗೆ ಬಿದ್ದು, ಕೇಕ್ ತಿಂದ ನೆಂಟರೆಲ್ಲ ಗೋಳೋ ಅಂತ ಅಳುತ್ತಾರೆ! ಅಡುಗೆಯ ಮೇಲೆ ಅದಕ್ಕಿಂತ ಒಳ್ಳೆಯ ಸಿನಿಮಾ ನಾನು ನೋಡಿಲ್ಲ.

ಲೈಟ್ಸ್, ಕ್ಯಾಮೆರಾ...

ಅಗಲವಾದ ಬಾಣಲೆಗೆ ಎರಡು ಚಮಚ ಎಣ್ಣೆ, ಉರಿ ಜೋರು. ಎಣ್ಣೆ ಚೆನ್ನಾಗಿ ಕಾಯಲಿ. ಸಿಗಡಿಗೆ ಉಪ್ಪು ಸವರಿ ಒಂದರ ಪಕ್ಕ ಒಂದು ಮಲಗಿಸಿ, ಒಂದರ ಮೇಲೊಂದು ಬೇಡ. ಚುಂಯ್ ಅನ್ನಬೇಕು. ಒಂದು ನಿಮಿಷ ಮುಟ್ಟಬೇಡಿ. ಮಗುಚಿ ಇನ್ನೊಂದು ನಿಮಿಷ. ತೆಗೆದು ತಟ್ಟೆಗೆ ಹಾಕಿ. "ಇನ್ನೂ ಬೆಂದಿಲ್ವಲ್ಲ ಗುರೂ" ಅಂತ ಪಕ್ಕದಲ್ಲಿ ನಿಂತವನು ಹೇಳ್ತಾನೆ. ಹೇಳಲಿ. ಹೀರೋನ ಎರಡನೇ ಎಂಟ್ರಿ ಬಾಕಿ ಇದೆ.

ಅದೇ ಬಾಣಲೆಗೆ ಇನ್ನೊಂದು ಚಮಚ ಎಣ್ಣೆ, ಈರುಳ್ಳಿ ಹಾಕಿ ಎರಡು ನಿಮಿಷ ಬಾಡಿಸಿ. ಕೆಂಪಗೆ ಹುರಿಯಬೇಡಿ, ಬಾವುಟದ ಬಿಳಿ ಹೋಗುತ್ತೆ! ಬೆಳ್ಳುಳ್ಳಿ, ಸೀಳಿದ ಮೆಣಸಿನಕಾಯಿ ಹಾಕಿ ಅರ್ಧ ನಿಮಿಷ. ಆಮೇಲೆ ಟೊಮ್ಯಾಟೊ, ಸ್ವಲ್ಪ ಉಪ್ಪು. ನಾಲ್ಕೈದು ನಿಮಿಷದಲ್ಲಿ ನೀರು ಬಿಟ್ಟು, ಆ ನೀರೂ ಆರಿ ಗೊಜ್ಜಿನ ಹದಕ್ಕೆ ಬರುತ್ತೆ. ಈಗ ತಟ್ಟೆಯಲ್ಲಿದ್ದ ಸಿಗಡಿ, ಅದು ಬಿಟ್ಟ ರಸದ ಸಮೇತ ಒಳಗೆ. ಒಂದು ನಿಮಿಷ, ದಪ್ಪ ಸಿಗಡಿಯಾದರೆ ಒಂದೂವರೆ. ಮಧ್ಯದಲ್ಲಿ ಗಾಜಿನ ಹಾಗೆ ಪಾರದರ್ಶಕವಾಗಿದ್ದದ್ದು ಪೂರ್ತಿ ಬಿಳುಪಾಗಿದ್ದರೆ ಆಯ್ತು. ಒಲೆ ಆರಿಸಿ. ನಿಂಬೆ ಹಿಂಡಿ, ಕೊತ್ತಂಬರಿ ಉದುರಿಸಿ. ಕಟ್!

ಈ 'ಕಟ್' ಹೇಳೋದರಲ್ಲೇ ಎಲ್ಲಾ ಇರೋದು, ಸ್ವಾಮಿ. ನಮ್ಮ ಕಡೆ ಬಹಳ ಮನೆಗಳಲ್ಲಿ ಸಿಗಡಿಯನ್ನು ಕೋಳಿಯ ಹಾಗೆ ಕುದಿಸ್ತಾರೆ. ಕೋಳಿಗೆ ಅಷ್ಟು ಹೊತ್ತು ಬೇಕು, ಸಿಗಡಿಗೆ ಬೇಡ. ಕಾವು ಏರಿದಂತೆ ಅದರ ಮಾಂಸ ಕುಗ್ಗಿ ಒಳಗಿನ ನೀರನ್ನು ಹಿಂಡಿ ಹೊರಹಾಕುತ್ತೆ, ಉಳಿಯೋದು ಚಪ್ಪಲಿ ರಬ್ಬರು. ಆಕಾರ ನೋಡಿಯೇ ಹೇಳಬಹುದು. ಕುಡುಗೋಲಿನಂತೆ ಅರೆ ಬಾಗಿದ್ದರೆ ಹದ, ತಲೆಬಾಲ ಸೇರಿ ಚಕ್ಕುಲಿಯಂತೆ ಸುತ್ತಿಕೊಂಡಿದ್ದರೆ ಕಥೆ ಮುಗೀತು. ಬಣ್ಣವನ್ನೊಂದೇ ನಂಬಬೇಡಿ. ಹಸಿ ಸಿಗಡಿಯಲ್ಲೂ ಅಸ್ಟಾಕ್ಸಾಂಥಿನ್ ಎಂಬ ಕೆಂಪು ಬಣ್ಣ ಇದ್ದೇ ಇರುತ್ತೆ, ಪ್ರೋಟೀನಿನ ಜೊತೆ ಕಟ್ಟಿಕೊಂಡು ಬೂದಿಯಾಗಿ ಕಾಣುತ್ತೆ ಅಷ್ಟೆ. ಬಿಸಿ ತಾಗಿದ ಕೂಡಲೇ ಕಟ್ಟು ಬಿಚ್ಚಿ ಮೇಲ್ಮೈ ಕೆಂಪಾಗುತ್ತೆ, ಒಳಗೆ ಇನ್ನೂ ಹಸಿ ಇದ್ದರೂ! ಮೇಕಪ್ ನೋಡಿ ನಟನೆ ಅಳೆಯಬಾರದಲ್ಲ, ಹಾಗೆ.

ಅಲ್ಲಿಯವರು ಇದನ್ನು ತೊರ್ತಿಯಾದಲ್ಲಿ ಸುತ್ತಿ ತಿಂತಾರೆ. ಮೆಕ್ಕೆಜೋಳವನ್ನು ಸುಣ್ಣದ ನೀರಿನಲ್ಲಿ ಬೇಯಿಸಿ, ರುಬ್ಬಿ, ತಟ್ಟಿ ಸುಟ್ಟ ತೆಳು ರೊಟ್ಟಿ ಅದು. ನಮಗೆ ಅದರ ಉಸಾಬರಿ ಬೇಡ. ಚಪಾತಿ ನಡೆಯುತ್ತೆ. ಬಿಸಿ ಅನ್ನವೂ ನಡೆಯುತ್ತೆ, ಮೆಕ್ಸಿಕೋದ ಮನೆಗಳಲ್ಲೂ ಸಿಗಡಿಗೆ ಅನ್ನ ಜೋಡಿ. ನನಗೆ ಹಿಡಿಸಿದ್ದು ಮಾತ್ರ ಎಳೆ ಜೋಳದ ರೊಟ್ಟಿ. ಉತ್ತರ ಕರ್ನಾಟಕದ ಖಾನಾವಳಿ ಹತ್ತಿರದಲ್ಲಿದ್ದರೆ ನಾಲ್ಕು ಕಟ್ಟಿಸಿಕೊಂಡು ಬನ್ನಿ.

ಖಾರ ಸಾಲದು ಅನ್ನುವ ಶೂರರಿಗೆ ಅಲ್ಲಿ 'ಆ ಲಾ ದಿಯಾಬ್ಲಾ' ಅಂತ ಇನ್ನೊಂದಿದೆ, ಅಂದರೆ ಪಿಶಾಚಿ ಶೈಲಿ! ಹೆಸರಿಗೆ ತಕ್ಕ ಹಾಗೆ ಒಣಮೆಣಸಿನಕಾಯಿ ಅರೆದು ಮಾಡೋದು. ನಾನು ಐದು ಬ್ಯಾಡಗಿ, ಎರಡು ಗುಂಟೂರು ಬಿಸಿನೀರಲ್ಲಿ ನೆನೆಸಿ, ಒಂದು ಟೊಮ್ಯಾಟೊ, ಬೆಳ್ಳುಳ್ಳಿ ಸೇರಿಸಿ ರುಬ್ಬಿ ಮಾಡ್ತೀನಿ. ಬಣ್ಣಕ್ಕೆ ಬ್ಯಾಡಗಿ, ಪಿಶಾಚಿಗೆ ಗುಂಟೂರು. ಸಿನಲೋವಾ ಪ್ರಾಂತ್ಯದಲ್ಲಿ, ಅಂದರೆ ಮಸಾತ್ಲಾನ್ ಇರುವ ಪ್ರಾಂತ್ಯದಲ್ಲೇ, ಹಸಿ ಸಿಗಡಿಯನ್ನು ನಿಂಬೆರಸ, ಮೆಣಸಿನಕಾಯಿಯಲ್ಲಿ ಅದ್ದಿ ಒಲೆ ಹಚ್ಚದೇ ತಿನ್ನುವ 'ಆಗ್ವಾಚಿಲೆ' ಎಂಬುದೂ ಇದೆ. ಅದು ದೋಣಿಯಿಂದ ಇಳಿದ ತಕ್ಷಣ ತಿನ್ನುವವರ ಊಟ, ಮಿತ್ರರೇ. ಐಸ್ ಡಬ್ಬದಲ್ಲಿ ಎರಡು ದಿನ ಪ್ರಯಾಣ ಮಾಡಿ ಬಂದ ಸಿಗಡಿಯ ಮೇಲೆ ಆ ಸಾಹಸ ಬೇಡ.

ಇನ್ನು ಓನರಮ್ಮನ ಷರತ್ತು. ವಾಸನೆ ಬರೋದು ಬಾಣಲೆಯಿಂದಲ್ಲ, ಸಿಪ್ಪೆಯಿಂದ. ಸಿಪ್ಪೆ, ತಲೆ, ಕರುಳು ಎಲ್ಲ ಪ್ಲಾಸ್ಟಿಕ್ ಚೀಲದಲ್ಲಿ ಬಿಗಿಯಾಗಿ ಕಟ್ಟಿ ಫ್ರೀಜರ್‌ಗೆ ತುರುಕಿ, ಬೆಳಿಗ್ಗೆ ಕಸದ ಗಾಡಿ ಬಂದಾಗ ಚೀಲ ಬಿಚ್ಚಿ ಹಸಿಕಸದ ಡಬ್ಬಕ್ಕೆ ಸುರಿದುಬಿಡಿ. ಹೆಚ್ಚಿದ ಹಲಗೆಗೆ, ಸಿಂಕಿಗೆ ಹಿಂಡಿದ ನಿಂಬೆ ಹೋಳನ್ನೇ ಉಜ್ಜಿ. ಬಾಣಲೆಯಲ್ಲಿ ಏನೂ ಮಿಗಿಸಬೇಡಿ. ಬೆಳಿಗ್ಗೆ ಬಿಸಿ ಮಾಡಿದರೆ ಅದೇ ಚಪ್ಪಲಿ ರಬ್ಬರು. ತಳದಲ್ಲಿ ಉಳಿದ ಕೆಂಪು ರಸಕ್ಕೆ ಎರಡು ಹಿಡಿ ಅನ್ನ ಹಾಕಿ ಕಲಸಿ, ಅದು ಯಾರ ಪಾಲು ಅಂತ ಮಾತ್ರ ನೀವು ನೀವೇ ತೀರ್ಮಾನ ಮಾಡ್ಕೊಳ್ಳಿ. ನಮ್ಮ ರೂಮಿನಲ್ಲಿ ಅದು ಕುಂದಾಪುರದವನದ್ದು, ಗೊಣಗುವುದನ್ನು ಆಗ ಮಾತ್ರ ನಿಲ್ಲಿಸ್ತಾನೆ.