ತೊಂಬತ್ತೇಳರ ಪಕ್ಕದ ಚುಕ್ಕಿ

1975ರ ಜನವರಿ, ಮದರಾಸಿನ ಚೆಪಾಕ್ ಮೈದಾನ. ವೆಸ್ಟ್ ಇಂಡೀಸಿನ ಆಂಡಿ ರಾಬರ್ಟ್ಸ್ ಏಳು ವಿಕೆಟ್ ಕಿತ್ತರು, ಭಾರತ 190ಕ್ಕೆ ಆಲೌಟ್. ಆ 190ರಲ್ಲಿ ಅರ್ಧಕ್ಕಿಂತ ಹೆಚ್ಚು ನಮ್ಮ ಭದ್ರಾವತಿಯ ಗುಂಡಪ್ಪ ವಿಶ್ವನಾಥರದು. ಅಂಕಪಟ್ಟಿಯಲ್ಲಿ ಅವರ ಹೆಸರಿನ ಮುಂದೆ 97* ಎಂದಿದೆ. ಚುಕ್ಕಿಯನ್ನು ಅಳಿಸಿ ಓದಿ ನೋಡಿ, ಶತಕಕ್ಕೆ ಮೂರು ರನ್ ಬೇಕಿದ್ದಾಗ ಎಡವಿದ ಆಟಗಾರ ಕಾಣುತ್ತಾನೆ. ಚುಕ್ಕಿ ಸೇರಿಸಿ ಓದಿದರೆ ಇಡೀ ಚಿತ್ರವೇ ಬೇರೆ. ಅವರನ್ನು ಯಾರಿಗೂ ಔಟ್ ಮಾಡಲಾಗಲಿಲ್ಲ, ಜೊತೆಗೆ ನಿಲ್ಲುವವರೇ ಉಳಿಯಲಿಲ್ಲ. ಸರಾಸರಿಯ ಲೆಕ್ಕದಲ್ಲೂ ಆ ಚುಕ್ಕಿಗೆ ಬೆಲೆಯಿದೆ: ಒಟ್ಟು ರನ್ನುಗಳನ್ನು ಭಾಗಿಸುವುದು ಔಟಾದ ಸಲಗಳಿಂದ ಮಾತ್ರ.

ನಾನು ಕರಡು ತಿದ್ದುವವಳು. ಅಕ್ಷರ ತಪ್ಪಿದರೆ ಓದುಗರು ಹೇಗೋ ಅರ್ಥ ಮಾಡಿಕೊಳ್ಳುತ್ತಾರೆ, ಚುಕ್ಕಿ ಬಿದ್ದುಹೋದರೆ ಅದು ಬಿದ್ದುಹೋಗಿದೆ ಎಂದು ಯಾರಿಗೂ ತಿಳಿಯುವುದಿಲ್ಲ. ಅದಕ್ಕೇ ಪುಟ ಕೈಗೆ ಬಂದಾಗ ನನ್ನ ಕಣ್ಣು ಮೊದಲು ಹೋಗುವುದು ಇಂಥ ಗುರುತುಗಳ ಕಡೆಗೆ.

ಈ ಗುರುತು ಹುಟ್ಟಿದ್ದೇ ಕರಡು ತಿದ್ದುವವರ ಕೈಯಲ್ಲಿ ಎನ್ನಬಹುದು. ಕ್ರಿಸ್ತಪೂರ್ವ ಎರಡನೆಯ ಶತಮಾನದಲ್ಲಿ ಅಲೆಕ್ಸಾಂಡ್ರಿಯಾದ ಗ್ರಂಥಾಲಯದಲ್ಲಿ ಅರಿಸ್ಟಾರ್ಕಸ್ ಎಂಬ ವಿದ್ವಾಂಸ ಹೋಮರನ ಕಾವ್ಯಗಳನ್ನು ಪರಿಷ್ಕರಿಸುತ್ತಿದ್ದ. ಪ್ರತಿಯಿಂದ ಪ್ರತಿಗೆ ಪಾಠಗಳು ಬೇರೆಯಾಗಿದ್ದವು, ಒಂದೇ ಸಾಲು ಎರಡು ಕಡೆ ಬರುತ್ತಿತ್ತು. ಹೋಮರನದಲ್ಲ ಎಂದು ಅನುಮಾನ ಬಂದ ಸಾಲಿನ ಅಂಚಿಗೆ ಒಂದು ಅಡ್ಡಗೆರೆ ಎಳೆದ. ಆ ಗೆರೆಯ ರೂಢಿ ಅವನಿಗಿಂತ ಹಿಂದಿನ ಜೆನೊಡೋಟಸನದು. ಬೇರೆ ಕಡೆಯೂ ಬಂದಿರುವ ಸಾಲಿಗೆ ನಕ್ಷತ್ರ ಹಾಕಿದ. ಮರುಕಳಿಸಿದ ಸಾಲು ಅಲ್ಲಿಗೆ ಸಲ್ಲದು ಅನ್ನಿಸಿದರೆ ಎರಡೂ ಗುರುತು. ನನಗೆ ಅವನ ಮೇಲೆ ಗೌರವ ಮೂಡುವುದು ಒಂದು ಕಾರಣಕ್ಕೆ: ಅನುಮಾನ ಬಂದ ಸಾಲನ್ನು ಅವನು ಕಿತ್ತು ಹಾಕಲಿಲ್ಲ. ಸಾಲನ್ನು ಅಲ್ಲೇ ಬಿಟ್ಟು, ತನ್ನ ಅಭಿಪ್ರಾಯವನ್ನು ಅಂಚಿನಲ್ಲಿಟ್ಟ. ಮುಂದೆ ಕ್ರಿಸ್ತಶಕ ಮೂರನೆಯ ಶತಮಾನದಲ್ಲಿ ಆರಿಜೆನ್ ಎಂಬಾತ ಗ್ರೀಕ್ ಬೈಬಲನ್ನು ಹೀಬ್ರೂ ಮೂಲದೊಡನೆ ಹೋಲಿಸುವಾಗ ಇವೇ ಗುರುತುಗಳನ್ನು ತೆಗೆದುಕೊಂಡ. ಹೀಬ್ರೂವಿನಲ್ಲಿದ್ದು ಗ್ರೀಕಿನಲ್ಲಿ ಬಿಟ್ಟುಹೋದ ಭಾಗವನ್ನು ತುಂಬಿದ ಕಡೆ ನಕ್ಷತ್ರ. ನಮ್ಮಲ್ಲಿ ಬಿಟ್ಟುಹೋದ ಪದ ಸೇರಿಸಲು ಹಂಸಪಾದ ಹಾಕುತ್ತೇವಲ್ಲ, ಅದೂ ಇದೇ ಪ್ರಾಮಾಣಿಕತೆಯ ಗುರುತು.

ಅಡ್ಡಗೆರೆಯ ವಂಶದಲ್ಲೇ ಬಂದದ್ದು ಕಠಾರಿಯಾಕಾರದ †. ಅಡಿಟಿಪ್ಪಣಿಗೆ ಮೊದಲು *, ಆಮೇಲೆ †, ಆಮೇಲೆ ಎರಡು ಅಡ್ಡಪಟ್ಟಿಯ ‡, ಆಮೇಲೆ § ಎಂಬುದು ಇಂಗ್ಲಿಷ್ ಮುದ್ರಣದ ಹಳೆಯ ಕ್ರಮ. ಕನ್ನಡ ಪುಸ್ತಕಗಳಲ್ಲಿ ಒಂದು ಚುಕ್ಕಿ, ಎರಡು ಚುಕ್ಕಿ ಎಂದು ಹಾಕಿರುವುದನ್ನೂ ಕಂಡಿದ್ದೇನೆ. ಅಂಕಿ ಹಾಕಿದರೆ ಸಾಲದೆ ಎಂದು ಹೊಸ ಹುಡುಗರು ಕೇಳುತ್ತಾರೆ. ಸಾಲುತ್ತದೆ, ಆದರೆ 1956 ಎಂಬ ಇಸವಿಯ ನೆತ್ತಿಯ ಮೇಲೆ ಸಣ್ಣ 2 ಕೂರಿಸಿ ನೋಡಿ. ಓದುವವರು ವರ್ಗ ಮಾಡಬೇಕೇ, ಟಿಪ್ಪಣಿ ಹುಡುಕಬೇಕೇ? ಅಂಕಿಗಳೇ ತುಂಬಿರುವ ಪುಟದಲ್ಲಿ ಚುಕ್ಕಿಯೇ ಮೇಲು.

ಮೊನ್ನೆ ನಮ್ಮ ಬೀದಿಯ ತರಕಾರಿ ಅಂಗಡಿಯಲ್ಲಿ ಕೊಟ್ಟ ನೋಟು ವಾಪಸ್ ಬಂತು. “ಅಕ್ಕಾ, ಇದ್ರಲ್ಲಿ ಸ್ಟಾರ್ ಐತೆ, ಬೇರೆ ಕೊಡಿ. ನಕಲಿ ಅಂತ ಫೋನಲ್ಲಿ ಬಂದಿತ್ತು.”

“ನಕಲಿ ಅಲ್ಲಪ್ಪಾ, ಇದು ಬದಲಿ ನೋಟು,” ಅಂದೆ. ಹಿಂದೆ ಗಿರಾಕಿಗಳು ನಿಂತಿದ್ದರೂ ಬಿಡಿಸಿ ಹೇಳಿದೆ. ನೋಟುಗಳು ಕ್ರಮಸಂಖ್ಯೆಯಲ್ಲಿ ನೂರರ ಕಟ್ಟಾಗಿ ಬರುತ್ತವೆ. ಅಚ್ಚಾಗುವಾಗ ಯಾವುದೋ ಒಂದು ಕೆಟ್ಟರೆ ಅದನ್ನು ತೆಗೆದು, ಅದೇ ಸಂಖ್ಯೆಯನ್ನು ಮತ್ತೆ ಅಚ್ಚು ಹಾಕುವ ಬದಲು ಚುಕ್ಕಿಯಿರುವ ಇನ್ನೊಂದು ನೋಟು ಇಡುತ್ತಾರೆ. ಕ್ರಮಸಂಖ್ಯೆಯ ಆರಂಭದ ಅಕ್ಷರಗಳಿಗೂ ಆಮೇಲಿನ ಅಂಕಿಗಳಿಗೂ ನಡುವೆ ಆ ಚುಕ್ಕಿ ಇರುತ್ತದೆ. ರಿಸರ್ವ್ ಬ್ಯಾಂಕು 2006ರಲ್ಲಿ ಸಣ್ಣ ಮುಖಬೆಲೆಯ ನೋಟುಗಳಿಂದ ಈ ಪದ್ಧತಿ ಶುರುಮಾಡಿತು. ಸುಳ್ಳು ಸುದ್ದಿ ಹಬ್ಬಿದಾಗ, 2023ರ ಜುಲೈಯಲ್ಲಿ, ಇವೂ ಉಳಿದವುಗಳಷ್ಟೇ ಚಲಾವಣೆಯ ನೋಟುಗಳೆಂದು ಪ್ರಕಟಣೆಯನ್ನೂ ಕೊಟ್ಟಿತು. “ಹಂಗಾ!” ಎಂದು ಹುಡುಗ ನೋಟನ್ನು ಗಲ್ಲಾಪೆಟ್ಟಿಗೆಗೆ ಹಾಕಿಕೊಂಡ.

ಶಾಸನಸಭೆಗಳಲ್ಲಿ ಚುಕ್ಕಿಗೆ ಇನ್ನೂ ದೊಡ್ಡ ಕೆಲಸವಿದೆ. ಚುಕ್ಕೆ ಗುರುತಿನ ಪ್ರಶ್ನೆಗೆ ಮಂತ್ರಿಗಳು ಸದನದಲ್ಲಿ ಎದ್ದು ನಿಂತು ಬಾಯಲ್ಲೇ ಉತ್ತರಿಸಬೇಕು, ಅದರ ಮೇಲೆ ಉಪಪ್ರಶ್ನೆ ಕೇಳಬಹುದು. ಗುರುತಿಲ್ಲದ ಪ್ರಶ್ನೆಗೆ ಲಿಖಿತ ಉತ್ತರ ಮಾತ್ರ. ಲೋಕಸಭೆಯಲ್ಲಿ ದಿನಕ್ಕೆ ಚುಕ್ಕೆ ಗುರುತಿನವು 20, ಇಲ್ಲದವು 230.

ಇಷ್ಟೆಲ್ಲ ಕಡೆ ಚುಕ್ಕಿ ಹೇಳುವುದು ಒಂದೇ ಮಾತು: ಇನ್ನೂ ಇದೆ, ನೋಡಿ. ಜಾಹೀರಾತಿನ ಚುಕ್ಕಿಯೂ ಹಾಗೆಯೇ ಶುರುವಾಗುತ್ತದೆ. “ಶೂನ್ಯ ಬಡ್ಡಿ*” ಎಂದು ಹೆಬ್ಬೆರಳಿನಷ್ಟು ದಪ್ಪ ಕನ್ನಡ ಅಕ್ಷರ. ಕೆಳಗೆ ಹುಡುಕಿದರೆ ಭೂತಗನ್ನಡಿಗೂ ಸಿಗದ ಅಕ್ಷರದಲ್ಲಿ, ಅದೂ ಇಂಗ್ಲಿಷಿನಲ್ಲಿ, ಷರತ್ತುಗಳು. ಸಾಲ ಮಾಡಿ ಫ್ರಿಜ್ ಕೊಳ್ಳುವ ಮನೆಯವರಿಗೆ ಬೇಕಾದ ಮಾತು ಅದೇ, ಓದಲಾಗದಂತೆ ಇಟ್ಟಿರುವುದೂ ಅದನ್ನೇ. ಇದು ನನಗೆ ನಿಜವಾಗಿಯೂ ಸಿಟ್ಟು ತರಿಸುವ ಸಂಗತಿ. ಕಾನೂನು ಇಲ್ಲದೆ ಇಲ್ಲ. ಕೇಂದ್ರ ಗ್ರಾಹಕ ರಕ್ಷಣಾ ಪ್ರಾಧಿಕಾರದ 2022ರ ಮಾರ್ಗಸೂಚಿ ಸ್ಪಷ್ಟವಾಗಿದೆ: ಷರತ್ತು ಮುಖ್ಯ ಮಾತಿಗೆ ವಿರುದ್ಧವಾಗಿರಬಾರದು, ಮುಖ್ಯವಾದ ಮಾಹಿತಿಯನ್ನು ಮರೆಮಾಚಬಾರದು, ಮೇಲಿನ ಮಾತು ಯಾವ ಭಾಷೆಯಲ್ಲಿದೆಯೋ ಅದೇ ಭಾಷೆಯಲ್ಲಿರಬೇಕು, ಅಕ್ಷರವೂ ಅದೇ ಆಗಿರಬೇಕು.

ಈಗ ಪುಟ ಬಂದಾಗ ಮೇಲಿನ ಪ್ರತಿ ಚುಕ್ಕಿಯ ಮೇಲೆ ಎಡಗೈ ಬೆರಳಿಟ್ಟು, ಕೆಳಗಿನ ಅದರ ಜೋಡಿಯನ್ನು ಬಲಗೈಯಿಂದ ಹುಡುಕುತ್ತೇನೆ. ಜೋಡಿ ಸಿಗದಿದ್ದರೆ, ಸಿಕ್ಕರೂ ಅದು ಕನ್ನಡದಲ್ಲಿಲ್ಲದಿದ್ದರೆ, ಕೆಂಪು ಶಾಯಿಯಲ್ಲಿ ಸುತ್ತುಹಾಕಿ ಜಾಹೀರಾತು ವಿಭಾಗಕ್ಕೆ ವಾಪಸ್ ಕಳಿಸುತ್ತೇನೆ. ಕೆಲವು ತಿದ್ದಿ ಬರುತ್ತವೆ. ತಿದ್ದದೆ ಬಂದವನ್ನು ಮತ್ತೆ ಕಳಿಸುತ್ತೇನೆ.